ಸಭ್ಯರ ಆಟವಂತೆ!

ಕ್ರಿಕೆಟ್ಟಿನಲ್ಲಿ ಏನಾದರೂ ಹೊಲಸು ನಡೆದರೆ ಮಾರನೆಯ ಬೆಳಿಗ್ಗೆ ನಮ್ಮ ಪತ್ರಿಕೆಗಳಲ್ಲಿ ತಪ್ಪದೆ ಹಾಜರಾಗುವ ಒಂದು ಮಾತಿದೆ: ‘ಸಭ್ಯರ ಆಟಕ್ಕೆ ಕಳಂಕ.’ 2000ದಲ್ಲಿ ಹ್ಯಾನ್ಸಿ ಕ್ರೋನಿಯೆ ಬುಕ್ಕಿಗಳಿಂದ ಹಣ ಪಡೆದದ್ದು ಬಯಲಾದಾಗ ಈ ಮಾತು ಕೇಳಿದೆವು. 2018ರಲ್ಲಿ ಕೇಪ್‌ಟೌನಿನಲ್ಲಿ ಆಸ್ಟ್ರೇಲಿಯಾದವರು ಸ್ಯಾಂಡ್‌ಪೇಪರಿನಿಂದ ಚೆಂಡು ಉಜ್ಜಿ ಸಿಕ್ಕಿಬಿದ್ದಾಗ ಮತ್ತೆ ಕೇಳಿದೆವು. ಶಾಲೆಯ ಕ್ರೀಡಾಕೂಟ ಉದ್ಘಾಟಿಸಲು ಬರುವ ಅತಿಥಿಗಳಿಗಂತೂ ಇದು ಬಲು ಪ್ರಿಯ. ಶಾಲು ಹೊದಿಸಿಕೊಂಡು, ಮೈಕನ್ನು ಎರಡು ಸಲ ತಟ್ಟಿ ನೋಡಿ, “ಮಕ್ಕಳೇ, ಕ್ರಿಕೆಟ್ ಸಭ್ಯರ ಆಟ” ಎಂದು ಶುರು ಮಾಡುತ್ತಾರೆ. ಬಿಸಿಲಿನಲ್ಲಿ ನಿಂತ ಮಕ್ಕಳು ಚಪ್ಪಾಳೆ ತಟ್ಟುತ್ತವೆ. ಅತಿಥಿಗಳು ಹೇಳಿದ್ದರಲ್ಲಿ ಸತ್ಯವೆಷ್ಟು ಎಂದು ಕೇಳುವವರು ಯಾರು?

ನಾನು ಕೇಳುತ್ತೇನೆ. ಮಕ್ಕಳಿಗೆ ಇಂಗ್ಲಿಷ್ ಕಲಿಸಿ ಹೊಟ್ಟೆ ಹೊರೆಯುವವಳಾದ್ದರಿಂದ ಒಂದು ಶಬ್ದವನ್ನು ಎಲ್ಲಿಂದ ತಂದರು, ತರುವಾಗ ದಾರಿಯಲ್ಲಿ ಏನನ್ನು ಬೀಳಿಸಿದರು ಎಂದು ನೋಡುವುದು ನನ್ನ ಕೆಲಸ. ‘ಸಭ್ಯರ ಆಟ’ ಎಂಬುದು ಇಂಗ್ಲಿಷಿನ ‘ಜಂಟಲ್‌ಮನ್’ ಶಬ್ದದ ತಪ್ಪು ಅನುವಾದ. ಬರೀ ತಪ್ಪು ಅನುವಾದವಾಗಿದ್ದರೆ ಕೆಂಪು ಶಾಯಿಯಲ್ಲಿ ಗೆರೆ ಎಳೆದು ಸುಮ್ಮನಾಗುತ್ತಿದ್ದೆ. ಇದು ಆಟವನ್ನು ದುಡಿದು ಬೆಳೆಸಿದವರನ್ನು ಅವರದೇ ಮನೆಯಿಂದ ಹೊರಗಿಡುವ ಮಾತು. ಇದಕ್ಕೆ ನನ್ನ ಸಾಕ್ಷಿ ಒಬ್ಬ ಸಣ್ಣ ಆಟಗಾರ. ಟೆಸ್ಟ್ ಆಡಿದವನಲ್ಲ, ದಾಖಲೆ ಬರೆದವನಲ್ಲ. ಇಂಗ್ಲೆಂಡಿನ ಒಂದು ಕೌಂಟಿಯ ಪರವಾಗಿ ಎರಡು ಪೂರ್ಣ ಋತು ಬೌಲ್ ಮಾಡಿ 28ನೆಯ ವಯಸ್ಸಿಗೆ ತೀರಿಕೊಂಡವನು. ಅವನ ಹೆಸರು ಪರ್ಸಿ ಜೀವ್ಸ್. ಹೆಸರು ಎಲ್ಲೋ ಕೇಳಿದ ಹಾಗಿದೆಯಲ್ಲ ಎಂದಿರಾ? ಅದೂ ಈ ಕಥೆಯ ಭಾಗವೇ. ಸ್ವಲ್ಪ ತಾಳಿ.

ಮೊದಲು ಶಬ್ದದ ಲೆಕ್ಕ ಮುಗಿಸೋಣ. ಸಭೆಗೆ ಸಲ್ಲುವವನು ಸಭ್ಯ. ಕನ್ನಡದಲ್ಲಿ ಈಗ ಅದು ನಡತೆಯ ಮಾತು. ಬಡವನೂ ಸಭ್ಯನಾಗಬಹುದು, ಸಾಹುಕಾರನೂ ಅಸಭ್ಯನಾಗಬಹುದು. ಆದರೆ ಇಂಗ್ಲಿಷ್ ಕ್ರಿಕೆಟ್ಟಿನಲ್ಲಿ ‘ಜಂಟಲ್‌ಮನ್’ ಎಂದರೆ ನಡತೆ ಒಳ್ಳೆಯವನು ಎಂದಾಗಿರಲಿಲ್ಲ. ಆಡಿದ್ದಕ್ಕೆ ಕೂಲಿ ಪಡೆಯದವನು ಎಂದಿತ್ತು. ಅಪ್ಪನಿಗೆ ಜಮೀನಿರಬೇಕು, ಬ್ಯಾಂಕಿನಲ್ಲಿ ದುಡ್ಡಿರಬೇಕು, ಬೇಸಿಗೆಯ ತಿಂಗಳುಗಳನ್ನು ಆಟದಲ್ಲಿ ಕಳೆದರೂ ಮನೆಯ ಒಲೆ ಆರದಿರಬೇಕು. ಅಂಥವನು ಹವ್ಯಾಸಿ, ಆದ್ದರಿಂದ ‘ಜಂಟಲ್‌ಮನ್’. ಗಣಿ ಕೆಲಸಗಾರನ ಮಗ, ನೇಕಾರನ ಮಗ, ರೈಲ್ವೆ ನೌಕರನ ಮಗ ಆಡಿ ಸಂಬಳ ಪಡೆದರೆ ಅವನು ವೃತ್ತಿಪರ. ಅವನಿಗೆ ‘ಪ್ಲೇಯರ್’ ಎಂಬ ಹೆಸರು, ಅಂದರೆ ಬರೀ ಆಟಗಾರ. ನಮ್ಮಲ್ಲಿ ಕಂಪನಿ ನಾಟಕದವರು ಊರೂರು ತಿರುಗಿ ಬಣ್ಣ ಹಚ್ಚಿ ಜೀವ ತೇಯ್ದರೂ ಹವ್ಯಾಸಿ ರಂಗಭೂಮಿಯ ಕೆಲವು ಬುದ್ಧಿವಂತರು ಅವರನ್ನು ನೋಡಿ ಮೂಗು ಮುರಿಯುತ್ತಿದ್ದರಲ್ಲ, ಹೆಚ್ಚು ಕಡಿಮೆ ಅದೇ ಮೂಗು. ಆದರೆ ಇಂಗ್ಲೆಂಡಿನಲ್ಲಿ ಆ ಮೂಗಿಗೆ ನಿಯಮದ ಬಲವೂ ಇತ್ತು.

1806ರಿಂದ 1962ರವರೆಗೆ ‘ಜಂಟಲ್‌ಮೆನ್’ ಮತ್ತು ‘ಪ್ಲೇಯರ್ಸ್’ ಎಂಬ ಎರಡು ತಂಡಗಳ ನಡುವೆ ಪಂದ್ಯಗಳೇ ನಡೆಯುತ್ತಿದ್ದವು. ಎಷ್ಟು ನಿಸ್ಸಂಕೋಚ ನೋಡಿ! ಒಂದು ಕಡೆ ಸಭ್ಯರು, ಇನ್ನೊಂದು ಕಡೆ ಆಟಗಾರರು. ಒಂದೇ ಕೌಂಟಿ ತಂಡದ ಒಳಗೂ ಈ ಗೆರೆ ಇತ್ತು. ಹವ್ಯಾಸಿಗಳಿಗೆ ಒಂದು ಕೋಣೆ, ವೃತ್ತಿಪರರಿಗೆ ಬೇರೆ ಕೋಣೆ. ಅನೇಕ ಮೈದಾನಗಳಲ್ಲಿ ಬ್ಯಾಟು ಹಿಡಿದು ಅಂಗಳಕ್ಕೆ ಇಳಿಯಲು ಎರಡು ಬೇರೆ ಬಾಗಿಲು. ಹವ್ಯಾಸಿಯನ್ನು ವೃತ್ತಿಪರ ‘ಮಿಸ್ಟರ್’ ಅಥವಾ ‘ಸರ್’ ಎನ್ನಬೇಕು. ಅವನು ಇವನನ್ನು ಬರೀ ಮನೆತನದ ಹೆಸರಿನಿಂದ ಕರೆಯುತ್ತಾನೆ. ಸ್ಕೋರ್ ಕಾರ್ಡಿನಲ್ಲೂ ಪಂಕ್ತಿಭೇದ: ಹವ್ಯಾಸಿಯ ಇನಿಷಿಯಲ್ ಹೆಸರಿನ ಮುಂದೆ, ವೃತ್ತಿಪರನದು ಹೆಸರಿನ ಹಿಂದೆ, ಕೆಲವೆಡೆ ಅದೂ ಇಲ್ಲ. 1950ರಲ್ಲಿ ಲಾರ್ಡ್ಸ್ ಮೈದಾನದಲ್ಲಿ ನಡೆದದ್ದೆಂದು ಹೇಳುವ ಪ್ರಸಂಗ ಪ್ರಸಿದ್ಧವಾಗಿದೆ. ಫ್ರೆಡ್ ಟಿಟ್ಮಸ್ ಎಂಬ ಹುಡುಗ ಆಡಲು ಬಂದಾಗ ಅವನ ಇನಿಷಿಯಲ್ ಕಾರ್ಡಿನಲ್ಲಿ ತಪ್ಪಿ ಹೆಸರಿನ ಮುಂದೆ ಅಚ್ಚಾಗಿದೆ, ದಯವಿಟ್ಟು ಹಿಂದೆ ಎಂದು ತಿದ್ದಿಕೊಳ್ಳಿ ಎಂದು ಧ್ವನಿವರ್ಧಕದಲ್ಲಿ ಸಾರಿದರಂತೆ. ನಮ್ಮ ಹಾಜರಿ ಪುಸ್ತಕದಲ್ಲಿ ಇನಿಷಿಯಲ್ ಮುಂದೆ ಬಂದರೂ ಹಿಂದೆ ಬಂದರೂ ಯಾರ ಊಟಕ್ಕೂ ತೊಂದರೆಯಿಲ್ಲ. ಅಲ್ಲಿ ಎರಡು ಅಕ್ಷರಗಳ ಜಾಗ ತಪ್ಪಿದ್ದಕ್ಕೆ ಮೈದಾನಕ್ಕೆಲ್ಲ ಕೇಳುವಂತೆ ತಿದ್ದುಪಡಿ!

“ಹವ್ಯಾಸಿಗಳು ಆಟದ ಪ್ರೀತಿಗಾಗಿ ಆಡಿದರು, ದುಡ್ಡು ಮುಟ್ಟಲಿಲ್ಲ, ಅದಕ್ಕೆ ಆ ಗೌರವ” ಎಂದು ವಾದಿಸುವವರಿದ್ದಾರೆ. ಹಾಗಾದರೆ ಡಬ್ಲ್ಯು. ಜಿ. ಗ್ರೇಸ್ ಅವರ ಲೆಕ್ಕ ಕೇಳಿ. ಗಡ್ಡದ ಆ ಮಹಾಶಯರು ಹವ್ಯಾಸಿಗಳ ಹವ್ಯಾಸಿ. 1873-74ರಲ್ಲಿ ಆಸ್ಟ್ರೇಲಿಯಾ ಪ್ರವಾಸಕ್ಕೆ ಹೊರಟಾಗ ಅವರಿಗೆ ಸಂದದ್ದು 1500 ಪೌಂಡ್, ಮೇಲೆ ತಮ್ಮ ಮತ್ತು ಹೆಂಡತಿಯ ಖರ್ಚು. ಅದೇ ತಂಡದ ವೃತ್ತಿಪರನಿಗೆ 170 ಪೌಂಡ್, ಹಡಗಿನಲ್ಲಿ ಎರಡನೆಯ ದರ್ಜೆ. 1895ರಲ್ಲಿ ಗ್ರೇಸ್ ಗೌರವಾರ್ಥ ಎತ್ತಿದ ನಿಧಿ ಸುಮಾರು 9 ಸಾವಿರ ಪೌಂಡ್ ಮುಟ್ಟಿತು. ಆದರೂ ಅವರು ದುಡ್ಡು ಮುಟ್ಟದ ‘ಜಂಟಲ್‌ಮನ್’! ಆಮೇಲಿನ ಕಾಲದಲ್ಲಿ ಕೆಲವು ಕೌಂಟಿಗಳು ಹವ್ಯಾಸಿಗಳನ್ನು ಕ್ಲಬ್ಬಿನ ಕಾರ್ಯದರ್ಶಿ ಎಂದು ನೇಮಿಸಿಕೊಂಡು ಸಂಬಳ ಕೊಟ್ಟವು. ಮೇಜಿನ ಹಿಂದೆ ಕೂತು ತೆಗೆದುಕೊಂಡರೆ ಮರ್ಯಾದೆ, ಬೌಲ್ ಮಾಡಿ ತೆಗೆದುಕೊಂಡರೆ ಕೂಲಿ. ವಾಲಿ ಹ್ಯಾಮಂಡ್ 1937ರವರೆಗೆ ವೃತ್ತಿಪರ. ಒಂದು ವ್ಯಾಪಾರ ಸಂಸ್ಥೆಯಲ್ಲಿ ಹುದ್ದೆ ಸಿಕ್ಕಿ 1938ರಲ್ಲಿ ಹವ್ಯಾಸಿಯಾದರು, ಅದೇ ವರ್ಷ ಇಂಗ್ಲೆಂಡಿನ ನಾಯಕರೂ ಆದರು. ಅದೇ ಮನುಷ್ಯ, ಅದೇ ಬ್ಯಾಟು. ಒಂದು ಚಳಿಗಾಲದಲ್ಲಿ ನಡತೆ ಅಷ್ಟು ಸುಧಾರಿಸಿತೇ?

ಈಗ ನನ್ನ ಸಾಕ್ಷಿಯನ್ನು ಕರೆಯುತ್ತೇನೆ.

ಪರ್ಸಿ ಜೀವ್ಸ್ ಹುಟ್ಟಿದ್ದು 1888ರ ಮಾರ್ಚ್ 5ರಂದು, ಯಾರ್ಕ್‌ಶೈರಿನ ಡ್ಯೂಸ್‌ಬರಿಯ ಬಳಿಯ ಅರ್ಲ್ಸ್‌ಹೀಟನ್ ಎಂಬಲ್ಲಿ. ಅಪ್ಪ ರೈಲ್ವೆಯಲ್ಲಿ ಕೆಲಸಕ್ಕಿದ್ದವನು. ಸಂಸಾರ ಗೂಲ್ ಎಂಬ ಬಂದರು ಪಟ್ಟಣಕ್ಕೆ ಹೋಯಿತು, ಹುಡುಗ ಅಲ್ಲಿನ ಕ್ಲಬ್ಬಿನಲ್ಲಿ ಆಡಿ ಬೆಳೆದ. ಬಲಗೈಯಲ್ಲಿ ಮಧ್ಯಮ ವೇಗಕ್ಕಿಂತ ತುಸು ಚುರುಕಾಗಿ ಬೌಲ್ ಮಾಡುತ್ತಿದ್ದ. ಕೆಳಗಿನ ಕ್ರಮಾಂಕದಲ್ಲಿ ಬಂದು ನಾಲ್ಕು ಹೊಡೆತ ಹೊಡೆಯಬಲ್ಲವನಾಗಿದ್ದ. ಮುಂದೆ ಯಾರ್ಕ್‌ಶೈರಿನ ಉತ್ತರದ ಕಣಿವೆಯಲ್ಲಿರುವ ಹಾಸ್ ಎಂಬ ಸಣ್ಣ ಊರಿನ ಕ್ಲಬ್ಬಿಗೆ ಸಂಬಳದ ಆಟಗಾರನಾಗಿ ಸೇರಿದ. ಅಂಥ ಕ್ಲಬ್ಬುಗಳಲ್ಲಿ ಈ ಕೆಲಸ ಎಂದರೆ ಭಾನುವಾರದ ಜರಿ ಪೇಟವಲ್ಲ. ಹುಲ್ಲು ಕತ್ತರಿಸಬೇಕು, ರೋಲರ್ ಎಳೆಯಬೇಕು, ಸಂಜೆ ಸದಸ್ಯರು ಬಂದರೆ ಅವರ ತೋಳಿಗೆ ದಣಿವಾಗುವವರೆಗೆ ಚೆಂಡು ಎಸೆಯುತ್ತಿರಬೇಕು. ತನ್ನ ತೋಳಿನ ಮಾತು ಕೇಳುವವರಿಲ್ಲ.

1910ರಲ್ಲಿ ವಾರ್ವಿಕ್‌ಶೈರ್ ಕೌಂಟಿ ಕ್ಲಬ್ಬಿನ ಕಾರ್ಯದರ್ಶಿ ಆರ್. ವಿ. ರೈಡರ್ ರಜೆಗೆಂದು ಹಾಸ್ ಕಡೆ ಬಂದಿದ್ದರು. ಊರ ಮೈದಾನದಲ್ಲಿ ಈ ಹುಡುಗ ಬೌಲ್ ಮಾಡುವುದನ್ನು ನೋಡಿ ಅಲ್ಲೇ ನಿಂತರು. ಓಡಿ ಬರುವುದರಲ್ಲಿ ಅವಸರವಿಲ್ಲ, ತೋಳು ತಿರುಗುವುದರಲ್ಲಿ ಒರಟುತನವಿಲ್ಲ, ಆದರೆ ನೆಲ ಮುಟ್ಟಿದ ಚೆಂಡು ಚುರುಕಾಗಿ ಏಳುತ್ತದೆ. ರೈಡರ್ ಅವನನ್ನು ಬರ್ಮಿಂಗ್‌ಹ್ಯಾಮಿಗೆ ಕರೆಸಿಕೊಂಡರು. ಆದರೆ ಯಾರ್ಕ್‌ಶೈರಿನಲ್ಲಿ ಹುಟ್ಟಿದವನು ಬೇರೆ ಕೌಂಟಿಗೆ ಚಾಂಪಿಯನ್‌ಷಿಪ್ ಆಡಬೇಕಾದರೆ ಎರಡು ವರ್ಷ ಅಲ್ಲಿ ವಾಸ ಮಾಡಿರಬೇಕೆಂಬ ನಿಯಮವಿತ್ತು. ಜೀವ್ಸ್ ಕಾದ. 1912ರಲ್ಲಿ ಪ್ರವಾಸಿ ತಂಡಗಳ ವಿರುದ್ಧ ಎರಡೇ ಪಂದ್ಯ ಸಿಕ್ಕಿದವು. ಬೌಲರನೊಬ್ಬನ ಹರೆಯದಲ್ಲಿ ಎರಡು ವರ್ಷ ಎಂದರೆ ಏನೆಂದು ಆಟ ಬಲ್ಲವರಿಗೆ ಹೇಳಬೇಕಾಗಿಲ್ಲ.

1913ರಲ್ಲಿ ಬಾಗಿಲು ತೆರೆಯಿತು. ಮೊದಲ ಪೂರ್ಣ ಋತುವಿನಲ್ಲೇ 106 ವಿಕೆಟ್, 765 ರನ್. 1914ರಲ್ಲಿ ಮತ್ತೆ 90 ವಿಕೆಟ್. ಆ ವರ್ಷ ಜುಲೈನಲ್ಲಿ ಓವಲ್ ಮೈದಾನದಲ್ಲಿ ‘ಪ್ಲೇಯರ್ಸ್’ ತಂಡಕ್ಕೆ ಆಯ್ಕೆಯಾಗಿ, ‘ಜಂಟಲ್‌ಮೆನ್’ ಎದುರು 44 ರನ್ನಿಗೆ 4 ವಿಕೆಟ್ ತೆಗೆದ. ‘ಜಂಟಲ್‌ಮೆನ್’ ಸೋತರು. ಹಿಂದೆ ಇಂಗ್ಲೆಂಡ್ ತಂಡದ ನಾಯಕರಾಗಿದ್ದ ಪೆಲ್ಹಾಂ ವಾರ್ನರ್ ಅವನ ಬೌಲಿಂಗ್ ಮೆಚ್ಚಿ, ಈತ ಬೇಗನೆ ಇಂಗ್ಲೆಂಡಿಗೆ ಆಡುತ್ತಾನೆ ಎಂದು ಭವಿಷ್ಯ ನುಡಿದರು. ವಾರ್ನರ್ ಸ್ವತಃ ಹವ್ಯಾಸಿ. ಕಣ್ಣು ಶುದ್ಧವಿದ್ದರೆ ಯಾವ ಬಾಗಿಲಿನಿಂದ ಬಂದವನಿಗೂ ಪ್ರತಿಭೆ ಕಾಣುತ್ತದೆ. ನನ್ನ ಜಗಳ ಒಬ್ಬೊಬ್ಬ ಮನುಷ್ಯನ ಮೇಲಲ್ಲ, ಬಾಗಿಲುಗಳ ಮೇಲೆ.

ಅದೇ ಬೇಸಿಗೆಯಲ್ಲಿ, ಜುಲೈ 30ರಂದು, ಲಂಡನ್ನಿನ ಒಂದು ಬಾಡಿಗೆ ಕೋಣೆಯಲ್ಲಿ ಆಲ್ಬರ್ಟ್ ಟ್ರಾಟ್ ಗುಂಡು ಹಾರಿಸಿಕೊಂಡು ಸತ್ತ. ಒಂದು ಕಾಲದಲ್ಲಿ ಲಾರ್ಡ್ಸ್ ಪೆವಿಲಿಯನ್ನಿನ ಮೇಲಿಂದ ಚೆಂಡನ್ನು ಹಾಯಿಸಿದ ಮಹಾ ವೃತ್ತಿಪರ ಅವನು. ಕೌಂಟಿಯಲ್ಲಿ ಬಹುಕಾಲ ದುಡಿದವನಿಗೆ ಕ್ಲಬ್ಬಿನವರ ಕೃಪೆಯಿಂದ ಒಂದು ಸಹಾಯಾರ್ಥ ಪಂದ್ಯ ಸಿಗುತ್ತಿತ್ತು. ಅದರ ವಸೂಲಿಯೇ ಅವನ ಪಿಂಚಣಿ. 1907ರಲ್ಲಿ ತನ್ನ ಆ ಪಂದ್ಯದಲ್ಲಿ ಟ್ರಾಟ್ ಸತತ ನಾಲ್ಕು ಚೆಂಡಿಗೆ ನಾಲ್ಕು ವಿಕೆಟ್ ತೆಗೆದ, ಅದೇ ಇನಿಂಗ್ಸಿನಲ್ಲಿ ಇನ್ನೊಂದು ಹ್ಯಾಟ್ರಿಕ್ಕನ್ನೂ ಮಾಡಿದ. ಆಟ ಬೇಗ ಮುಗಿಯಿತು, ಟಿಕೆಟ್ ಕೊಳ್ಳುವವರು ಮನೆಯಲ್ಲೇ ಉಳಿದರು. ಚೆನ್ನಾಗಿ ಆಡಿದ್ದಕ್ಕೆ ಹೊಟ್ಟೆಯ ಮೇಲೆ ಹೊಡೆತ. ಸಾಯುವಾಗ ಅವನ ಬಳಿ ಇದ್ದದ್ದು 4 ಪೌಂಡ್ ಮತ್ತು ಉಟ್ಟು ತೊಡುವ ಬಟ್ಟೆ. ಜೀವ್ಸ್ ಹೋಗುತ್ತಿದ್ದ ದಾರಿಯ ಕೊನೆಯಲ್ಲಿ ಏನಿರಬಹುದಿತ್ತು ಎಂಬುದಕ್ಕೆ ಇದೊಂದು ಗುರುತಿನ ಕಲ್ಲು.

ಆದರೆ ಜೀವ್ಸ್ ಅಷ್ಟು ದೂರ ಹೋಗಲಿಲ್ಲ. ಟ್ರಾಟ್ ಸತ್ತ ಐದನೆಯ ದಿನ, ಆಗಸ್ಟ್ 4ರಂದು, ಬ್ರಿಟನ್ ಯುದ್ಧಕ್ಕಿಳಿಯಿತು. ಜೀವ್ಸ್ ರಾಯಲ್ ವಾರ್ವಿಕ್‌ಶೈರ್ ರೆಜಿಮೆಂಟಿನ 15ನೆಯ ಬೆಟಾಲಿಯನ್ ಸೇರಿದ. ಬರ್ಮಿಂಗ್‌ಹ್ಯಾಮಿನ ಗೆಳೆಯರು, ಜೊತೆಯ ಕೆಲಸಗಾರರು ಒಟ್ಟಿಗೆ ಹೆಸರು ಬರೆಸಿ ಒಟ್ಟಿಗೆ ಹೋದ ದಳ ಅದು. ಒಟ್ಟಿಗೆ ಹೋದವರು ಒಟ್ಟಿಗೆ ಸತ್ತರು. 1916ರ ಜುಲೈ 22ರಂದು ಫ್ರಾನ್ಸಿನ ಸೊಮ್ ಕದನದಲ್ಲಿ, ಹೈವುಡ್ ಎಂಬ ಕಾಡಿನ ಮೇಲಿನ ದಾಳಿಯಲ್ಲಿ ಜೀವ್ಸ್ ಹೋದ. ಮೈ ಸಿಗಲಿಲ್ಲ. ಗೋರಿಯಿಲ್ಲದ 72 ಸಾವಿರಕ್ಕೂ ಹೆಚ್ಚು ಜನರ ಹೆಸರು ಕೆತ್ತಿದ ಥಿಯೆಪ್ವಾಲ್ ಸ್ಮಾರಕದ ಮೇಲೆ ಅವನ ಹೆಸರೂ ಇದೆ. ಅಲ್ಲಿ ಪಟ್ಟಿ ಹುದ್ದೆಯ ಪ್ರಕಾರವೇ ಇದ್ದರೂ, ಅಧಿಕಾರಿಯಾಗಲಿ ಸಿಪಾಯಿಯಾಗಲಿ, ಎಲ್ಲರಿಗೂ ಮೊದಲು ಮನೆತನದ ಹೆಸರು, ಆಮೇಲೆ ಇನಿಷಿಯಲ್. ವೃತ್ತಿಪರನ ಕ್ರಮದಲ್ಲೇ ಎಲ್ಲರೂ ಬರೆಯಿಸಿಕೊಂಡಿದ್ದಾರೆ. ಸ್ಕೋರ್ ಕಾರ್ಡು ಕೊಡದ ಸಮಾನತೆಯನ್ನು ಕಲ್ಲು ಕೊಟ್ಟಿತು. ಕೊಡಲು ಅವನು ಸಾಯಬೇಕಾಯಿತು.

ಇನ್ನು ನೀವು ಹೆಸರನ್ನು ಎಲ್ಲಿ ಕೇಳಿದ್ದಿರಿ ಎಂಬ ವಿಷಯ. ಪಿ. ಜಿ. ವುಡ್‌ಹೌಸ್ ಎಂಬ ಹಾಸ್ಯ ಬರಹಗಾರರ ಪುಸ್ತಕಗಳು ನಮ್ಮಲ್ಲಿ ಇಂಗ್ಲಿಷ್ ಓದುವ ಮನೆಗಳಲ್ಲೆಲ್ಲ ಇದ್ದವು. ಕಾಲೇಜು ಲೈಬ್ರರಿಯ ಪ್ರತಿಗಳ ಹೊಲಿಗೆ ಬಿಚ್ಚುವಷ್ಟು ಜನ ಓದಿದ್ದಾರೆ. ಬರ್ಟಿ ವೂಸ್ಟರ್ ಎಂಬ ಪೆದ್ದು ಶ್ರೀಮಂತನನ್ನು ಪ್ರತಿ ಸಲವೂ ಫಜೀತಿಯಿಂದ ಪಾರು ಮಾಡುವ ಮಹಾ ಬುದ್ಧಿವಂತ ಸೇವಕ ಜೀವ್ಸ್. ವುಡ್‌ಹೌಸ್ ಆ ಸೇವಕನಿಗೆ ಹೆಸರಿಟ್ಟದ್ದು ನಮ್ಮ ಬೌಲರನಿಂದ. ಯುದ್ಧಕ್ಕೆ ಮುಂಚೆ ಚೆಲ್ಟನ್‌ಹ್ಯಾಮಿನಲ್ಲಿ ಗ್ಲಾಸ್ಟರ್‌ಶೈರ್ ಎದುರು ಅವನು ಆಡಿದ್ದನ್ನು ನೋಡಿದ್ದರು, ಹೆಸರು ನೆನಪಿನಲ್ಲಿ ಉಳಿದಿತ್ತು. ಸೇವಕ ಜೀವ್ಸ್ ಮೊದಲ ಸಲ ಅಚ್ಚಾದದ್ದು 1915ರಲ್ಲಿ. ಆಗ ಬೌಲರ್ ಜೀವ್ಸ್ ಇನ್ನೂ ಬದುಕಿದ್ದ. 1967ರಲ್ಲಿ, ಆ ಹಳೆಯ ಕಾರ್ಯದರ್ಶಿ ರೈಡರ್ ಅವರ ಮಗ ಪತ್ರ ಬರೆದು ಕೇಳಿದಾಗ ವುಡ್‌ಹೌಸ್ ಇದು ನಿಜವೆಂದು ಒಪ್ಪಿಕೊಂಡರು.

ನಮ್ಮ ಸ್ಟಾಫ್ ರೂಮಿನಲ್ಲಿ ಈ ಕಥೆ ಹೇಳಿದಾಗ ಗಣಿತದ ಮೇಷ್ಟ್ರು, “ಮತ್ತೇನು ಮೇಡಂ, ಅಮರನಾದನಲ್ಲ! ಎಷ್ಟು ಜನ ಬೌಲರುಗಳಿಗೆ ಈ ಭಾಗ್ಯ?” ಎಂದರು. ಅವರದು ಒಳ್ಳೆಯ ಮನಸ್ಸಿನ ಮಾತು. ಆದರೆ ಯೋಚಿಸಿ ನೋಡಿ. ಅಮರವಾದದ್ದು ಬೌಲರನೋ, ಅವನ ಹೆಸರಿನ ಸದ್ದೋ? ವುಡ್‌ಹೌಸ್ ಮೇಲೆ ನನಗೆ ಸಿಟ್ಟಿಲ್ಲ. ಅವರು ಆಟ ಬಲ್ಲವರು, ಶಾಲೆಯ ತಂಡಕ್ಕೆ ಬೌಲ್ ಮಾಡಿದವರು, ಮೆಚ್ಚಿಯೇ ಹೆಸರು ತೆಗೆದುಕೊಂಡರು. ಅಷ್ಟೇ ಅಲ್ಲ, ಅವರ ಕಥೆಗಳಲ್ಲಿ ಬುದ್ಧಿಯೆಲ್ಲ ಸೇವಕನ ಕಡೆ, ಪೆದ್ದುತನವೆಲ್ಲ ಯಜಮಾನನ ಕಡೆ. ಆದರೂ ಆ ಸಮಾಜದಲ್ಲಿ ಬರೀ ಮನೆತನದ ಹೆಸರಿನಿಂದ ಕರೆಯಿಸಿಕೊಳ್ಳುವ ಇಬ್ಬರೆಂದರೆ ಮನೆಯ ಸೇವಕ ಮತ್ತು ಮೈದಾನದ ವೃತ್ತಿಪರ. ಒಬ್ಬನ ಹೆಸರು ಇನ್ನೊಬ್ಬನಿಗೆ ಅಳತೆ ತೆಗೆದು ಹೊಲಿಸಿದ ಅಂಗಿಯಂತೆ ಕೂತುಬಿಟ್ಟಿತು. ಸೇವಕ ಜೀವ್ಸ್‌ಗೂ ಅಪ್ಪ ಅಮ್ಮ ಇಟ್ಟ ಹೆಸರೊಂದು ಇದೆ, ಅದು ರೆಜಿನಾಲ್ಡ್ ಎಂದು ಓದುಗರಿಗೆ ತಿಳಿದದ್ದು 1971ರಲ್ಲಿ. ಅಂದರೆ 56 ವರ್ಷ ಯಾರಿಗೂ ಬೇಕಾಗಿರಲಿಲ್ಲ. ಬೌಲರ್ ಪರ್ಸಿಯ ಜೀವನವನ್ನು ಹುಡುಕಿ ಬ್ರಯಾನ್ ಹಾಲ್ಫರ್ಡ್ ಒಂದು ಪೂರ್ಣ ಪುಸ್ತಕ ಬರೆದದ್ದು 2013ರಲ್ಲಿ, ಅವನು ಸತ್ತು 97 ವರ್ಷಗಳಾದ ಮೇಲೆ. ಆ ಪುಸ್ತಕದ ಹೆಸರಿನಲ್ಲೂ ಅವನು ‘ನಿಜವಾದ ಜೀವ್ಸ್’. ನಿಜವಾದವನಿಗೂ ತಾನು ನಿಜ ಎಂದು ಹೇಳಿಕೊಳ್ಳಬೇಕಾದ ಸ್ಥಿತಿ!

ಇನ್ನೊಂದು ಆಕ್ಷೇಪ ನಮ್ಮ ದೈಹಿಕ ಶಿಕ್ಷಕರದು. “ಬರೀ 50 ಪಂದ್ಯ ಆಡಿದವನು ಮೇಡಂ. ಇಂಥವರು ಸಾವಿರಾರು ಜನ. ಎಲ್ಲರನ್ನೂ ನೆನಪಿಟ್ಟುಕೊಳ್ಳಲು ಆಗುತ್ತದೆಯೇ?” ಒಪ್ಪಿದೆ, 50 ಪಂದ್ಯ. 1204 ರನ್, ಸರಾಸರಿ 16.05. ಇದರಲ್ಲಿ ಹೆಚ್ಚುಗಾರಿಕೆ ಇಲ್ಲ. ಆದರೆ 199 ವಿಕೆಟ್, ಒಂದೊಂದಕ್ಕೆ ಕೊಟ್ಟದ್ದು ಸರಾಸರಿ 20.03 ರನ್. ಇದು ಸಣ್ಣವನ ಲೆಕ್ಕವಲ್ಲ, ಅರ್ಧದಲ್ಲಿ ನಿಂತ ಲೆಕ್ಕ. ಮೊದಲ ಎರಡು ವರ್ಷವನ್ನು ನಿಯಮ ತಿಂದಿತು, ಉಳಿದದ್ದನ್ನೆಲ್ಲ ಯುದ್ಧ ತಿಂದಿತು. 26ನೆಯ ವಯಸ್ಸಿಗೆ ಉತ್ತರ ಪತ್ರಿಕೆಯನ್ನು ಕೈಯಿಂದ ಕಿತ್ತುಕೊಂಡು, ‘ಬರೆದದ್ದು ಕಡಿಮೆ’ ಎಂದು ಅಂಕ ಕಡಿಯುವ ಪರೀಕ್ಷಕರಿಗೆ ಏನು ಹೇಳೋಣ? ಸಾವಿರಾರು ಜನ ಎಂಬುದೂ ನಿಜವೇ. ಅವರು ಸಾವಿರಾರು ಜನ ಇದ್ದದ್ದರಿಂದಲೇ ಆಟ ಉಳಿಯಿತು. ದಿನವಿಡೀ ಬೌಲ್ ಮಾಡಿ ಬೆನ್ನು ಮುರಿದುಕೊಂಡವರು ಹೆಚ್ಚಾಗಿ ವೃತ್ತಿಪರರು. ‘ಜಂಟಲ್‌ಮೆನ್’ ಮತ್ತು ‘ಪ್ಲೇಯರ್ಸ್’ ನಡುವಿನ 274 ಪಂದ್ಯಗಳ ಲೆಕ್ಕ ನೋಡಿ: ಆಟಗಾರರು ಗೆದ್ದದ್ದು 125, ಸಭ್ಯರು ಗೆದ್ದದ್ದು 68. ಆಟ ಯಾರದು ಎಂದು ಈ ಅಂಕಿಗಳೇ ಹೇಳುತ್ತವೆ.

ಗೆದ್ದರೇನು, ಆಳುವ ಹಕ್ಕು ಬೇರೆ. 1925ರಲ್ಲಿ ಯಾರ್ಕ್‌ಶೈರ್ ಕ್ಲಬ್ಬಿನ ಅಧ್ಯಕ್ಷ ಲಾರ್ಡ್ ಹಾಕ್, ವೃತ್ತಿಪರನೊಬ್ಬ ಇಂಗ್ಲೆಂಡಿನ ನಾಯಕನಾಗುವ ದಿನ ಎಂದಿಗೂ ಬಾರದಿರಲಿ ಎಂದು ಬಹಿರಂಗ ಸಭೆಯಲ್ಲಿ ದೇವರನ್ನು ಬೇಡಿಕೊಂಡರು. ಈ ಹಾಕ್ ಕೆಟ್ಟ ಮನುಷ್ಯರಲ್ಲ. ಕೆಲಸವಿಲ್ಲದ ಚಳಿಗಾಲದಲ್ಲೂ ತಮ್ಮ ವೃತ್ತಿಪರರಿಗೆ ಸಂಬಳ ಸಿಗುವಂತೆ ಮಾಡಿದವರು ಅವರೇ. ಅನ್ನ ಹಾಕುವವರಿಗೂ ಪಂಕ್ತಿಯಲ್ಲಿ ಕೂರಿಸಿಕೊಳ್ಳಲು ಕಷ್ಟ ಎನ್ನುವುದನ್ನು ನಾವು ನಮ್ಮ ಮನೆಗಳಲ್ಲೂ ನೋಡಿದ್ದೇವೆ. ದೇವರು ಅವರ ಮೊರೆಗೆ ಬಹಳ ಕಾಲ ಓಗೊಟ್ಟ. ಕೊನೆಗೆ 1952ರಲ್ಲಿ ಲೆನ್ ಹಟನ್ ಇಂಗ್ಲೆಂಡಿನ ಕಾಯಂ ನಾಯಕರಾದರು. ಅವರ ಮೊದಲ ಸರಣಿ ಭಾರತದ ಎದುರು. ಲೀಡ್ಸ್‌ನಲ್ಲಿ ಎರಡನೆಯ ಇನಿಂಗ್ಸ್ ಆರಂಭಿಸಿದ ಭಾರತ ಒಂದೂ ರನ್ ಮಾಡದೆ ನಾಲ್ಕು ವಿಕೆಟ್ ಕಳೆದುಕೊಂಡ ಪಂದ್ಯ ಅದೇ. ನಮಗೆ ಆದದ್ದು ಅವಮಾನವೇ ಇರಬಹುದು, ಆದರೆ ಆ ದಿನ ಮೈದಾನದಲ್ಲಿ ಇಂಗ್ಲೆಂಡನ್ನು ನಡೆಸಿದವನು ಸಂಬಳದ ಆಟಗಾರ. ಹತ್ತು ವರ್ಷದ ಮೇಲೆ, 1962ರ ನವೆಂಬರಿನಲ್ಲಿ, ಹವ್ಯಾಸಿ ಎಂಬ ದರ್ಜೆಯನ್ನೇ ತೆಗೆದುಹಾಕಿದರು.

ಇದೆಲ್ಲ ಇಂಗ್ಲೆಂಡಿನ ಮನೆಜಗಳ, ನಮಗೇಕೆ ಎನ್ನಬೇಡಿ. ಈ ಆಟ ಎರಡು ಬಾಗಿಲುಗಳ ಸಮೇತ ನಮ್ಮಲ್ಲಿಗೆ ಬಂತು. ಬಂದಾಗ ನಮ್ಮಲ್ಲಿ ಆಗಲೇ ಅದಕ್ಕಿಂತ ಹಳೆಯ, ಅದಕ್ಕಿಂತ ಕ್ರೂರವಾದ ಬಾಗಿಲುಗಳಿದ್ದವು. 1876ರಲ್ಲಿ ಧಾರವಾಡದಲ್ಲಿ ಹುಟ್ಟಿದ ಪಲ್ವಂಕರ್ ಬಾಳೂ ಅವರನ್ನು ನೆನೆಯಿರಿ. ದಲಿತ ಕುಟುಂಬದ ಈ ಎಡಗೈ ಸ್ಪಿನ್ನರ್ ಪುಣೆಯಲ್ಲಿ ಯುರೋಪಿಯನ್ನರ ಕ್ಲಬ್ಬಿನ ಮೈದಾನ ನೋಡಿಕೊಳ್ಳುತ್ತ, ತಿಂಗಳಿಗೆ ನಾಲ್ಕು ರೂಪಾಯಿ ಸಂಬಳಕ್ಕೆ ದುಡಿಯುತ್ತ, ಸಾಹೇಬರುಗಳಿಗೆ ನೆಟ್ಟಿನಲ್ಲಿ ಬೌಲ್ ಮಾಡುತ್ತ ಬೆಳೆದವರು. ಹಿಂದೂ ತಂಡಕ್ಕೆ ಅವರ ವಿಕೆಟ್ಟುಗಳು ಬೇಕಾಗಿದ್ದವು. ಆದರೆ ಚಹಾ ಮಾತ್ರ ಪೆವಿಲಿಯನ್ನಿನ ಹೊರಗೆ, ಬಿಸಾಡುವ ಮಣ್ಣಿನ ಕುಡಿಕೆಯಲ್ಲಿ. 1911ರ ಬೇಸಿಗೆಯಲ್ಲಿ, ಜೀವ್ಸ್ ವಾಸದ ನಿಯಮ ಪೂರೈಸಲು ಬರ್ಮಿಂಗ್‌ಹ್ಯಾಮಿನಲ್ಲಿ ಕಾಯುತ್ತಿದ್ದ ಕಾಲಕ್ಕೆ, ಬಾಳೂ ಅಖಿಲ ಭಾರತ ತಂಡದೊಡನೆ ಇಂಗ್ಲೆಂಡಿಗೆ ಹೋಗಿ ಒಟ್ಟು 114 ವಿಕೆಟ್ ತೆಗೆದರು. ಅಷ್ಟಾದರೂ ಅವರಿಗೆ ಹಿಂದೂ ತಂಡದ ನಾಯಕತ್ವ ಕೊಡಲಿಲ್ಲ. 1923ರಲ್ಲಿ ಅವರ ತಮ್ಮ ವಿಠ್ಠಲನಿಗೆ ಅದು ಸಿಗಬೇಕಾದರೆ ಹೋರಾಟವೇ ಬೇಕಾಯಿತು.

ಇಬ್ಬರದೂ ಒಂದೇ ನೋವು ಎಂದು ನಾನು ಹೇಳುವುದಿಲ್ಲ. ಜೀವ್ಸ್‌ನನ್ನು ಮುಟ್ಟಿದರೆ ಯಾರೂ ಸ್ನಾನ ಮಾಡುತ್ತಿರಲಿಲ್ಲ. ಆದರೆ ಇಬ್ಬರಿಂದಲೂ ಆಟ ತೆಗೆದುಕೊಂಡದ್ದು ಒಂದೇ, ವಿಕೆಟ್. ಇಬ್ಬರಿಗೂ ಕೊಡದೆ ಇಟ್ಟುಕೊಂಡದ್ದೂ ಒಂದೇ, ಸಭೆಯಲ್ಲಿ ಜಾಗ. ಸಭೆಗೆ ಸಲ್ಲುವವನು ಸಭ್ಯ ಎಂದೆನಲ್ಲ, ಯಾರು ಸಲ್ಲುತ್ತಾರೆಂದು ತೀರ್ಮಾನ ಮಾಡುವವರು ಆಗಲೇ ಒಳಗೆ ಕೂತವರು. ಲಾರ್ಡ್ಸ್‌ನ ಯಜಮಾನಿಕೆಯಿರುವ ಎಂಸಿಸಿ ಕ್ಲಬ್ಬು ಹೆಂಗಸರನ್ನು ಸದಸ್ಯರನ್ನಾಗಿ ಮಾಡಿಕೊಳ್ಳಲು ಒಪ್ಪಿದ್ದು 1998ರಲ್ಲಿ. ಅಲ್ಲಿಯವರೆಗೆ ನನ್ನಂಥವಳು ಎಷ್ಟೇ ಸಭ್ಯಳಾಗಿದ್ದರೂ ಆ ಸಭೆಗೆ ಸಲ್ಲುತ್ತಿರಲಿಲ್ಲ. ಅದೇ ಸಭೆಯ ಸಭ್ಯರು 2023ರ ಜುಲೈನಲ್ಲಿ ಏನು ಮಾಡಿದರು ಗೊತ್ತಲ್ಲ? ಜಾನಿ ಬೇರ್‌ಸ್ಟೋ ಕ್ರೀಸ್ ಬಿಟ್ಟು ಔಟಾದದ್ದಕ್ಕೆ ಸಿಟ್ಟಾಗಿ, ತಮ್ಮ ಪೆವಿಲಿಯನ್ನಿನ ಲಾಂಗ್ ರೂಮಿನಲ್ಲಿ ಹಾದುಹೋಗುತ್ತಿದ್ದ ಆಸ್ಟ್ರೇಲಿಯಾದ ಆಟಗಾರರ ಮೇಲೆ ಬೈಗುಳದ ಮಳೆ ಸುರಿಸಿದರು. ಕ್ಲಬ್ಬು ಮೂವರನ್ನು ಅಮಾನತು ಮಾಡಿತು. ಅದಕ್ಕೆ ಕೆಲವೇ ದಿನ ಮೊದಲು, ಜೂನ್‌ನಲ್ಲಿ, ಇಂಗ್ಲೆಂಡಿನ ಕ್ರಿಕೆಟ್ ಮಂಡಳಿಯೇ ನೇಮಿಸಿದ ಸ್ವತಂತ್ರ ಆಯೋಗ ಅಲ್ಲಿನ ಕ್ರಿಕೆಟ್ಟಿನಲ್ಲಿ ವರ್ಣಭೇದ, ಲಿಂಗಭೇದ, ವರ್ಗಭೇದ ಇನ್ನೂ ಆಳವಾಗಿ ಬೇರೂರಿವೆ ಎಂದು ವರದಿ ಕೊಟ್ಟಿತ್ತು. 1962ರಲ್ಲಿ ಬಾಗಿಲು ಕಿತ್ತರು, ಹೊಸ್ತಿಲು ಹಾಗೇ ಉಳಿಯಿತು.

ಈಗ ದುಡ್ಡು ಬಂದು ಆಟ ಕೆಟ್ಟಿತು, ಹಿಂದಿನ ಸಭ್ಯತೆ ಹೋಯಿತು ಎಂದು ಹಲುಬುವವರಿಗೆ ಒಂದು ಮಾತು. ದುರಾಸೆಯಿಂದ ಆಟ ಕೆಡುತ್ತದೆ, ನಿಜ. ಹರಾಜಿನಲ್ಲಿ ಮನುಷ್ಯರ ಬೆಲೆ ಕೂಗುವುದನ್ನು ನೋಡಿದಾಗ ನನಗೂ ಇರುಸುಮುರುಸಾಗುತ್ತದೆ. ಆದರೆ ದುರಾಸೆ ಬೇರೆ, ಸಂಬಳ ಬೇರೆ. ದುಡಿದು ಕೂಲಿ ಪಡೆಯುವುದರಿಂದ ಯಾವ ಕೆಲಸವೂ ಮೈಲಿಗೆಯಾಗುವುದಿಲ್ಲ. ಕಾಯಕವನ್ನು ಕೈಲಾಸದ ಪಕ್ಕದಲ್ಲಿಟ್ಟ ನಾಡು ನಮ್ಮದು. ನಾನು ತಿಂಗಳ ಕೊನೆಯಲ್ಲಿ ಸಂಬಳಕ್ಕೆ ಸಹಿ ಹಾಕುತ್ತೇನೆ, ಹಾಗೆಂದು ಪಾಠದ ಮೇಲಿನ ನನ್ನ ಪ್ರೀತಿ ಎರಡನೆಯ ದರ್ಜೆಯದಲ್ಲ. ಪ್ರೀತಿಗಾಗಿ ಆಡಿದವರು ಹವ್ಯಾಸಿಗಳು ಮಾತ್ರ ಎನ್ನುವವರು ಹೇಳಲಿ: ಯಾರೂ ನೋಡದ ಹಾಸ್ ಊರಿನ ಮೈದಾನದಲ್ಲಿ, ಯಾವುದೋ ಸದಸ್ಯನಿಗೆ ಸಂಜೆಯೆಲ್ಲ ಬೌಲ್ ಮಾಡುತ್ತಲೂ ತೋಳಿನ ಆ ಸೊಗಸನ್ನು ಉಳಿಸಿಕೊಂಡವನಿಗೆ ಆಟದ ಮೇಲೆ ಪ್ರೀತಿ ಇರಲಿಲ್ಲವೇ?

ನಮ್ಮ ಶಾಲೆಗಳಲ್ಲೂ ಇದೇ ನಡೆಯುತ್ತದೆ. ತಾಲ್ಲೂಕು ಪಂದ್ಯಾವಳಿಯೊಂದರಲ್ಲಿ ಕಿಟ್ಟು ಕೊಡಿಸಿದ ಸಾಹುಕಾರರ ಮಗನೇ ನಾಯಕನಾದದ್ದನ್ನು ನೋಡಿದ್ದೇನೆ. ದಿನವಿಡೀ ಬೌಲ್ ಮಾಡಿದ ಹುಡುಗ ಹಮಾಲಿ ಮಾಡುವವರೊಬ್ಬರ ಮಗ. ಬಹುಮಾನದ ಫೋಟೋದಲ್ಲಿ ಅವನು ಅಂಚಿಗೆ ನಿಂತಿದ್ದ, ಅರ್ಧ ಮುಖ ಕತ್ತರಿಸಿ ಹೋಗಿತ್ತು. “ನೀನ್ಯಾಕೋ ಮಧ್ಯ ನಿಲ್ಲಲಿಲ್ಲ?” ಎಂದೆ. “ಇರ್ಲಿ ಬಿಡಿ ಮಿಸ್” ಎಂದು ನಕ್ಕ. ಆ ‘ಇರ್ಲಿ ಬಿಡಿ’ಯನ್ನು ಆ ಹುಡುಗನಿಗೆ ಯಾರೂ ಪಾಠದಲ್ಲಿ ಕಲಿಸಿಲ್ಲ. ವೇದಿಕೆಯ ಮೇಲಿನ ‘ಸಭ್ಯರ ಆಟ’ ಎಂಬಂಥ ಮಾತುಗಳಿಂದ ಅವನೇ ಕಲಿತುಕೊಂಡದ್ದು. ಸಭ್ಯರು ಬೇರೆ ಯಾರೋ ಇದ್ದಾರೆ, ನಾವು ಅವರ ಆಟಕ್ಕೆ ದುಡಿಯುವವರು ಎಂದು.

ಆದ್ದರಿಂದ ಪತ್ರಿಕೆಯವರಲ್ಲಿ, ಭಾಷಣ ಮಾಡುವ ದೊಡ್ಡವರಲ್ಲಿ ನನ್ನ ಬೇಡಿಕೆ ಸಣ್ಣದು. ‘ಸಭ್ಯರ ಆಟ’ವನ್ನು ಇನ್ನು ಸಾಕು ಮಾಡಿ. ಚೆಂಡು ಉಜ್ಜಿದವನನ್ನು ಮೋಸಗಾರ ಎನ್ನಿ, ಹಣಕ್ಕೆ ಆಟ ಮಾರಿದವನನ್ನು ಕಳ್ಳ ಎನ್ನಿ, ಕನ್ನಡದಲ್ಲಿ ಶಬ್ದಗಳಿಗೆ ಬರವಿಲ್ಲ. ಆಟಕ್ಕೆ ಒಂದು ವಿಶೇಷಣ ಬೇಕೇ ಬೇಕೆಂದರೆ ‘ಆಟಗಾರರ ಆಟ’ ಎನ್ನಿ. ಇಂಗ್ಲೆಂಡಿನ ಸಭ್ಯರೇ ಆ ಹೆಸರನ್ನು ಎದುರು ತಂಡಕ್ಕೆ ಬಿಟ್ಟುಕೊಟ್ಟಿದ್ದರು. ಪರ್ಸಿ ಜೀವ್ಸ್ ಆ ತಂಡದವನು.